ಬಾಬಯ್ಯನ ಸಕ್ಕರೆ

ನನ್ನ ಬುದ್ಧಿಗಿಷ್ಟು ಬೆಂಕಿ ಹಾಕ! ಆಸ್ಪತ್ರೆ ಗೋಡೆಯ ಕ್ಯಾಲೆಂಡರನ್ನು ನಂಬಿಕೊಂಡು ಕುಳಿತಿದ್ದೆ. ಬುಧವಾರದ ಮನೆಯಲ್ಲಿ ಕೆಂಪಕ್ಷರದಲ್ಲಿ ‘ಮೊಹರಂ ಕಡೇ ದಿನ, ಸರ್ಕಾರಿ ರಜೆ’ ಎಂದು ಅಚ್ಚಾಗಿತ್ತು. ಸರ್ಕಾರವೇ ಹೇಳಿದ ಮೇಲೆ ಇನ್ನೇನು ಅಂದುಕೊಂಡೆ.

ತೆಂಗಿನ ಮರದಿಂದ ಬಿದ್ದ ನನ್ನ ಮಗ ಭೀಮರಾಜು ಹನ್ನೆರಡು ದಿನದಿಂದ ತುಮಕೂರಿನ ಆಸ್ಪತ್ರೆಯಲ್ಲಿ ಮಲಗಿದ್ದ. ಮಾತಿರಲಿಲ್ಲ. ಚಮಚದಲ್ಲಿ ನೀರು ಬಿಟ್ಟರೆ ಗುಟುಕರಿಸುತ್ತಿದ್ದ, ಅಷ್ಟೇ. ಡಾಕ್ಟರು ಕೈಚೆಲ್ಲಿದಾಗ ಮೊಹರಂ ದೇವರು ಬಾಬಯ್ಯನಿಗೆ ಹರಕೆ ಹೊತ್ತೆ. ನಮ್ಮೂರಲ್ಲಿ ಇರುವುದು ಒಂದೇ ಸಾಬರ ಮನೆ, ಬುಡೇನ್ ಸಾಬರದು. ಆದರೆ ಮೊಹರಂ ಬಂತೆಂದರೆ ಊರಿಗೆ ಊರೇ ಬಾಬಯ್ಯನ ಒಕ್ಕಲು. ಪಂಜ ಅಂತೀವಲ್ಲ, ಆ ಹಿತ್ತಾಳೆಯ ಹಸ್ತ, ಅದರ ಮುಂದೆ ಕಡೇ ದಿನ ಬುಡೇನಣ್ಣ ಸಕ್ಕರೆಗೆ ಮಂತ್ರ ಓದಿ ಕೊಡುತ್ತಾನೆ. ಅದನ್ನು ನಾಲಿಗೆಗೆ ಹಾಕಿಕೊಳ್ಳಬೇಕು. ಭೀಮರಾಜು ಹುಟ್ಟಿದ್ದೇ ಆ ಸಕ್ಕರೆಯಿಂದ. ಕೊಟ್ಟವನು ಉಳಿಸಿಕೊಡಲಾರನೇ?

ಬುಧವಾರ ಬೆಳಗ್ಗೆ ಸೊಸೆ ಶಿಲ್ಪಳನ್ನು ಮಗನ ಹತ್ತಿರ ಬಿಟ್ಟು, ಸಕ್ಕರೆ ಕಟ್ಟಿಸಿಕೊಂಡು ಬಸ್ಸು ಹತ್ತಿದೆ. ಶೆಟ್ಟಿಕೆರೆ ದಾಟಿ ಊರಲ್ಲಿ ಇಳಿದರೆ ತಮಟೆಯ ಸದ್ದೇ ಇಲ್ಲ. ಬುಡೇನಣ್ಣ ಬೆಂಕಿಗುಂಡಿಯ ಬೂದಿಯ ಮೇಲೆ ಮಣ್ಣು ಎಳೆಯುತ್ತಿದ್ದ.

“ಹಬ್ಬ ನಿನ್ನೇನೇ ಮುಗೀತಲ್ಲ ಭೂತವ್ವ! ಈ ಸಲ ಚಂದ್ರ ಒಂದಿನ ಮುಂಚೇನೇ ಕಾಣಿಸ್ತು. ಸರ್ಕಾರದೋರೂ ರಜೆನ ನಿನ್ನೆಗೇ ಮಾಡ್ಬುಟ್ರು. ಪಂಜ ಪೆಟ್ಟಿಗೆ ಸೇರ್ತು.”

ಆಸ್ಪತ್ರೆ ಸೇರಿದವಳಿಗೆ ಚಂದ್ರನ ಸುದ್ದಿ ಯಾರು ಹೇಳಬೇಕು? ಅಲ್ಲೇ ಕೂತು ಅತ್ತೆ. ಮರುಗಳಿಗೆಗೆ ಸಿಟ್ಟು ನೆತ್ತಿಗೇರಿತು.

“ತೆಗಿಯಣ್ಣೋ ಪೆಟ್ಟಿಗೆಯ! ಅಲ್ಲಿ ನನ್ ಮಗ ಸಾಯ್ತಾವ್ನೆ, ನಿಂಗೆ ತಾರೀಖು ಹೆಚ್ಚಾಯ್ತಾ?”

“ಮಲಗಿಸಿದ ಪಂಜನ ಮುಂದಿನ ವರ್ಸದ ತನಕ ಎಬ್ಬಿಸಂಗಿಲ್ಲ ಕಣವ್ವ. ಅಳ್ಬ್ಯಾಡ, ತಡಿ.”

ಒಳಗೆ ಹೋಗಿ ಒಂದು ಕಾಗದದ ಪೊಟ್ಟಣ ತಂದು ನನ್ನ ಕೈಲಿಟ್ಟ.

“ಪ್ರತಿ ವರ್ಸ ನಿಮ್ಮನೆ ಸಕ್ಕರೆನೇ ಮೊದ್ಲು ಬರೋದು. ನಿನ್ನೆ ಬರ್ಲಿಲ್ಲ. ನಮ್ಮನೆ ಸಕ್ಕರೆನೇ ಭೀಮನ ಹೆಸರಿಗೆ ಓದಿ ಎತ್ತಿಟ್ಟಿದ್ದೆ. ಓಡು, ಬಸ್ಸು ಬತ್ತೈತೆ.”

ಬೈದ ಬಾಯಲ್ಲೇ ಅವನನ್ನು ಹರಸುತ್ತಾ ಓಡಿದೆ. ನನ್ನ ಸಕ್ಕರೆ ಅವನ ಜಗಲಿಯಲ್ಲೇ ಉಳಿಯಿತು.

ಚಿಕ್ಕನಾಯಕನಹಳ್ಳಿ ಬಸ್‌ಸ್ಟ್ಯಾಂಡಿನಲ್ಲಿದ್ದಾಗ ಶಿಲ್ಪಳ ಫೋನು ಬಂತು.

“ಅತ್ತೇ, ಉಸಿರಾಡಕ್ಕೆ ಆಯ್ತಿಲ್ಲ ಅಂತ ಬಾಯೊಳಕ್ಕೆ ಪೈಪು ಹಾಕ್ಬುಟ್ರು. ಬೇಗ ಬನ್ನಿ ಅತ್ತೇ.”

ತುಮಕೂರು ಮುಟ್ಟುವಷ್ಟರಲ್ಲಿ ಜೀವ ಬಾಯಿಗೆ ಬಂದಿತ್ತು. ಐಸಿಯು ಒಳಗೆ ಬಿಟ್ಟರು. ಮಗನ ಬಾಯಿಗೆ ಪೈಪು, ಸುತ್ತ ಅಂಟುಪಟ್ಟಿ. ನಾಲಿಗೆ ಎಲ್ಲಿದೆಯೋ ಕಾಣಲೇ ಇಲ್ಲ.

“ಬಾಯಿಗೆ ಏನೂ ಹಾಕಂಗಿಲ್ಲ ಅಮ್ಮ,” ಎಂದಳು ನರ್ಸು.

“ನಿನ್ನೆ ತಂದಿದ್ರೆ?”

“ನಿನ್ನೆ ಚೆನ್ನಾಗೇ ನೀರು ಕುಡೀತಿದ್ರಲ್ಲ.”

ಪಾಪ, ಅವಳಿಗೇನು ಗೊತ್ತು. ಅವಳು ಅತ್ತ ತಿರುಗಿದಾಗ ನಾಲ್ಕು ಕಾಳು ಸಕ್ಕರೆಯನ್ನು ಮಗನ ಕೆಳತುಟಿಯ ಮೇಲಿಟ್ಟೆ. ತುಟಿ ಒಣಗಿ ಬಿರಿದಿತ್ತು. ಕರಗು ನನ್ನಪ್ಪಾ, ಕರಗು ಎಂದು ಬೇಡಿದೆ. ಮಿಷನ್ನು ಅವನ ಎದೆಯನ್ನು ಎತ್ತುತ್ತಿತ್ತು, ಇಳಿಸುತ್ತಿತ್ತು. ಸಕ್ಕರೆ ಇಟ್ಟ ಹಾಗೇ ಇತ್ತು.