ಶೈನಾಜಳ ಗಂಟೆ

ನಾನು ಒಂದು ರೈಲು ಹಳಿಯ ತುಂಡು. ಹುಟ್ಟಿದ್ದು ಕುಲುಮೆಯ ಬೆಂಕಿಯಲ್ಲಿ. ಗದಗಿನ ಕಡೆ ಎಷ್ಟೋ ವರ್ಷ ಗೂಡ್ಸು ಗಾಡಿಗಳನ್ನು ಮೈಮೇಲೆ ಹೊತ್ತೆ. ಹೊಸ ಹಳಿ ಬಂದಾಗ ನನ್ನನ್ನು ಕಿತ್ತು, ಮೊಳದುದ್ದ ಕತ್ತರಿಸಿ, ತೂತು ಕೊರೆದು, ಊರಿನ ಕಾಲೇಜಿನ ವರಾಂಡದ ತೊಲೆಗೆ ನೇತುಹಾಕಿದರು. ಅಂದಿನಿಂದ ನಾನು ಗಂಟೆ.

ಏನು ದರ್ಬಾರು ಅಂತೀರಿ! ಜವಾನ ಫಕೀರಪ್ಪ ಸರಳಿನಿಂದ ಬಾರಿಸಿದರೆ ಸಾಕು, ಪಾಠ ಹೇಳುತ್ತಿದ್ದವರ ಮಾತು ಅರ್ಧಕ್ಕೇ ನಿಲ್ಲುತ್ತಿತ್ತು. ಪ್ರಿನ್ಸಿಪಾಲ್ ಹೊಸಮನಿ ಸರ್ ಎಂದರೆ ಕಾಲೇಜೇ ನಡುಗುತ್ತಿತ್ತು. ಅವರೂ ನನ್ನ ಸದ್ದು ಕೇಳಿ ಕೈಗಡಿಯಾರ ನೋಡಿಕೊಳ್ಳುತ್ತಿದ್ದರು. ಸುಳ್ಳೇಕೆ ಹೇಳಲಿ, ಜಂಬ ನನಗೆ ಒಂದಿಷ್ಟು ಜಾಸ್ತಿಯೇ. ಯಾರಿಗೂ ಕಾಯುವ ಜಾತಿ ನನ್ನದಲ್ಲ.

ಹಾಗಿರುವಾಗ ಶೈನಾಜ್ ಬಂದಳು, ಗಾದಿ ಹೊಲಿಯುವ ಮೌಲಾಸಾಬ್ ನದಾಫರ ಮಗಳು. ಬಿ.ಎ. ಕೊನೆಯ ವರ್ಷದಲ್ಲಿ ಅವಳ ಎರಡೂ ಕಿಡ್ನಿ ಕೈಕೊಟ್ಟವು. ದಿನ ಬಿಟ್ಟು ದಿನ ಡಯಾಲಿಸಿಸ್. ಮಾರನೆಯ ದಿನ ಗೋಡೆ ಹಿಡಿದುಕೊಂಡು ನನ್ನ ಕೆಳಗೆ ಹಾದು ಕ್ಲಾಸಿಗೆ ಹೋಗುವಳು. ನೋಡಿದರೆ ಕರುಳು ಚುರುಕ್ಕೆನ್ನುತ್ತಿತ್ತು, ನನಗೆ ಕರುಳಿಲ್ಲದಿದ್ದರೂ. ಕೊನೆಗೆ ಹಾಜರಿ ಸಾಲದೆ ಹೋಯಿತು.

"ಹಾಜರಿ ಇಲ್ದಂಗ ಪರೀಕ್ಷಾಕ್ಕ ಕುಂಡ್ರಸಾಕ ಬರೂದಿಲ್ಲವ್ವಾ," ಎಂದರು ಹೊಸಮನಿ ಸರ್. "ನಿನಗ ಬಿಟ್ರ ನಾಳೆ ಎಲ್ಲಾರೂ ಕೇಳ್ತಾರ."

"ಎಲ್ಲಾರೂ ಕಿಡ್ನಿ ಕಳಕೊಂಡು ಬರ್ತಾರೇನ್ರೀ ಸರ?" ಎಂದಳು ಶೈನಾಜ್. ಅಬ್ಬಾ, ಹುಡುಗಿಯೇ!

ಅವಳು ಹೈಕೋರ್ಟಿಗೆ ಹೋದಳು. ಸರ್ ಕೂಡ ಹೋಗಿ ಕಾಲೇಜಿನ ಪರವಾಗಿ ವಾದ ಮಾಡಿಸಿದರು, ಸೋತು ಬಂದರು. ಕೋರ್ಟಿನ ಆದೇಶವನ್ನು ವರಾಂಡದಲ್ಲಿ ನಿಂತು ಎಲ್ಲರಿಗೂ ಓದಿ ಹೇಳಿದರು: ಅವಳನ್ನು ಪರೀಕ್ಷೆಗೆ ಕೂರಿಸಬೇಕು, ಒಂದೊಂದು ಪೇಪರಿಗೂ ಒಂದು ತಾಸು ಹೆಚ್ಚು ಕೊಡಬೇಕು, ಸುಸ್ತಾದರೆ ಮಲಗಲು ಬಿಡಬೇಕು. ನಾನು ದಂಗಾಗಿ ಹೋದೆ. ಒಬ್ಬ ಹುಡುಗಿಗಾಗಿ ಹೊತ್ತನ್ನೇ ಹಿಗ್ಗಿಸಬಹುದೆಂದು ಈ ಕಬ್ಬಿಣಕ್ಕೆ ಎಲ್ಲಿ ಗೊತ್ತಿತ್ತು?

ಪರೀಕ್ಷೆಯ ಮೊದಲ ದಿನ ಮೌಲಾಸಾಬ್ ಹೊಸ ಅರಳೆಯ ಗಾದಿ ತಂದು ಬೆಂಚಿನ ಮೇಲೆ ಹಾಸಿದರು. ಹಾಲ್‌ನ ಕಿಟಕಿ ನನ್ನ ಪಕ್ಕದಲ್ಲೇ. ಅವಳು ಬರೆದಳು, ಮಲಗಿದಳು, ಎದ್ದು ಮತ್ತೆ ಬರೆದಳು. ಉಳಿದವರ ಹೊತ್ತು ಮುಗಿಯಿತು. ಫಕೀರಪ್ಪ ಎಂದಿನಂತೆ ನನ್ನನ್ನು ಢಣಢಣ ಬಾರಿಸಿದ.

ಅಯ್ಯೋ! ಎಲ್ಲರ ಜೊತೆ ಶೈನಾಜಳೂ ಎದ್ದು ನಿಂತಳು. ಒಂದನೇ ಇಯತ್ತೆಯಿಂದ ಗಂಟೆ ಹೊಡೆದಾಗ ಎದ್ದ ಕಾಲುಗಳು ಅವು, ಕೋರ್ಟು ಹೇಳಿದ್ದು ಅವಕ್ಕೆ ನೆನಪಾಗಲಿಲ್ಲ. ಇನ್ನೂ ಎರಡು ದೊಡ್ಡ ಪ್ರಶ್ನೆಗಳು ಉಳಿದಿದ್ದವು. ಪೆನ್ನಿನ ಮುಚ್ಚಳ ಹಾಕಿ ಉತ್ತರಪತ್ರಿಕೆ ನೀಡಿದಳು. ಮೇಲ್ವಿಚಾರಕರೂ ಅಭ್ಯಾಸಬಲದಿಂದ ಕೈ ಚಾಚಿದರು. ಒಮ್ಮೆ ಕೊಟ್ಟರೆ ಮುಗಿಯಿತು, ತಿರುಗಿ ಸಿಗುವುದಿಲ್ಲ. ನನ್ನ ಸದ್ದನ್ನು ನುಂಗಿಕೊಳ್ಳುವಂತಿದ್ದರೆ ನುಂಗಿಬಿಡುತ್ತಿದ್ದೆ.

"ಕುಂಡ್ರವ್ವಾ!" ಬಾಗಿಲಲ್ಲಿ ಹೊಸಮನಿ ಸರ್ ನಿಂತಿದ್ದರು. "ಆ ಗಂಟಿ ನಿಂದಲ್ಲ."

"ಹೊಡೀತಲ್ರೀ ಸರ..."

"ಅದು ಅವರಿಗೆ ಹೊಡದದ್ದು. ನೀ ಬರಿ."

ಅವಳು ಕುಳಿತಳು. ಪೆನ್ನಿನ ಮುಚ್ಚಳ ತೆಗೆದು ಮತ್ತೆ ಬರೆದಳು. ಕಾಲೇಜು ಖಾಲಿಯಾಯಿತು. ಸರ್ ಊಟಕ್ಕೂ ಹೋಗದೆ ಬಾಗಿಲಲ್ಲೇ ಇದ್ದರು. ಅವಳ ಹೊತ್ತು ಮುಗಿದಾಗ ವರಾಂಡಕ್ಕೆ ಬಂದು ಫಕೀರಪ್ಪನ ಕೈಯಿಂದ ಸರಳು ತೆಗೆದುಕೊಂಡರು. ಅವಳ ವಿರುದ್ಧ ಕೋರ್ಟಿನವರೆಗೆ ಹೋದ ಮನುಷ್ಯ! ಎಂದೂ ನನ್ನನ್ನು ಮುಟ್ಟದವರು, ಮೆಲ್ಲಗೆ ಒಂದೇ ಒಂದು ಏಟು ಹಾಕಿದರು.

"ಇದು ನಿಂದವ್ವಾ," ಎಂದರು ಕಿಟಕಿಯ ಕಡೆ ತಿರುಗಿ.

ಶೈನಾಜ್ ಪಾಸಾದಳು. ಆಸ್ಪತ್ರೆಗೆ ಹೋಗುವುದು ಇನ್ನೂ ತಪ್ಪಿಲ್ಲವಂತೆ. ಆಮೇಲೆ ಕಾಲೇಜಿಗೆ ಕರೆಂಟಿನ ಗಂಟೆ ಬಂತು, ನನ್ನನ್ನು ಇಳಿಸಿದರು. ಈಗ ಸ್ಟೋರ್ ರೂಮಿನಲ್ಲಿ, ಅವಳು ಬಿಟ್ಟುಹೋದ ಗಾದಿಯ ಮೇಲೆಯೇ ಮಲಗಿದ್ದೇನೆ. ತುಕ್ಕು ಹಿಡಿಯುತ್ತಿದೆ. ಹೊತ್ತ ರೈಲುಗಳೆಲ್ಲ ಮರೆತುಹೋಗಿವೆ. ಆ ಒಂದು ಏಟು ಮಾತ್ರ ಇನ್ನೂ ಮೈಯಲ್ಲಿದೆ.