ಎದುರು ಪಾಳಯದ ಸೊಸೆ

ಈ ಸಲದ ಸಮರಾಭ್ಯಾಸದಲ್ಲಿ ನೀಲಿ ಪಡೆಗೆ ಮಾವನೇ ದಳಪತಿ, ಎದುರು ನಿಲ್ಲುವ ಕೆಂಪು ಪಡೆಯ ಡ್ರೋನ್ ತುಕಡಿಗೆ ಸೊಸೆಯೇ ಮುಖ್ಯಸ್ಥೆ ಎಂಬ ಸುದ್ದಿ ಕಚೇರಿಯಿಂದ ಮನೆ ತಲುಪುವಷ್ಟರಲ್ಲಿ ಇಡೀ ದಂಡುಪ್ರದೇಶ ಅದನ್ನು ಬಾಯಿ ಚಪ್ಪರಿಸಿಕೊಂಡು ಆಡಿ ಮುಗಿಸಿತ್ತು.

ಮಾವ ಬ್ರಿಗೇಡಿಯರ್. ಹರೆಯದಲ್ಲಿ ಟ್ಯಾಂಕಿನೊಳಗೆ ಕೂತವರು, ಕೂದಲು ನರೆತರೂ ಮನಸ್ಸು ಅದರಿಂದ ಇಳಿದಿರಲಿಲ್ಲ. ಸೈನಿಕರು ಬೆನ್ನ ಹಿಂದೆ ಅವರನ್ನು ‘ಬಂಡೆ ಸಾಹೇಬರು’ ಎನ್ನುತ್ತಿದ್ದರು. ಅದು ಅವರಿಗೂ ಗೊತ್ತಿತ್ತು, ಒಳಗೊಳಗೆ ಇಷ್ಟವೂ ಆಗಿತ್ತು. ಅವರ ಯುದ್ಧದ ರೀತಿ ಸರಳ: ಇಡೀ ಬ್ರಿಗೇಡ್ ಒಟ್ಟಿಗೆ ಹೊರಡಬೇಕು, ಒಂದೇ ಕಡೆ ಗುದ್ದಬೇಕು, ಗುದ್ದಿದ್ದು ಗೋಡೆ ಒಡೆದೇ ನಿಲ್ಲಬೇಕು. ಹಾಗೆ ಗುದ್ದಿ ಅವರು ಒಂದು ಅಭ್ಯಾಸದಲ್ಲೂ ಸೋತವರಲ್ಲ. ಈಗ ಮೇಲಿನವರ ಯೋಚನೆ ಬದಲಾಗಿತ್ತು. ದೊಡ್ಡ ಬ್ರಿಗೇಡುಗಳನ್ನು ಒಡೆದು, ಪ್ರತಿಯೊಂದಕ್ಕೂ ತನ್ನದೇ ಟ್ಯಾಂಕು, ಫಿರಂಗಿ, ಡ್ರೋನು ಇರುವ ಚಿಕ್ಕ ಗುಂಪುಗಳಾಗಿ ಮಾಡಬೇಕು. ಅವು ಹೇಳಿದ ತಕ್ಷಣ ಹೊರಡುವಂತಿರಬೇಕು ಎಂಬುದು ಅವರ ಮಾತು. ಬ್ರಿಗೇಡಿಯರ್ ಸಾಹೇಬರು ಇದನ್ನು ಬರವಣಿಗೆಯಲ್ಲೇ ವಿರೋಧಿಸಿದ್ದರು. ಯಾವುದು ಸರಿ ಎಂದು ಮೈದಾನದಲ್ಲೇ ನೋಡಿಬಿಡೋಣ ಎಂದು ಏರ್ಪಾಡಾದದ್ದು ಈ ಅಭ್ಯಾಸ.

ಸೊಸೆ ಮೇಜರ್. ಮದುವೆಯಾಗಿ ಬಂದ ಹೊಸದರಲ್ಲೇ ಮಾವನ ನಕ್ಷೆಗಳನ್ನು ಬಿಡಿಸಿ ಕೂತು, ನೆಲದ ಏರಿಳಿತ ಓದುವುದನ್ನು ಅವರಿಂದ ಕಲಿತವಳು. ಊಟದ ಮೇಜಿನ ಮೇಲೆ ಲೋಟ ತಟ್ಟೆಗಳನ್ನೇ ಗುಡ್ಡ ಹೊಳೆ ಮಾಡಿಕೊಂಡು ಇಬ್ಬರೂ ಮಾತಿಗೆ ಇಳಿದರೆ ಅತ್ತೆಗೆ ಪಾತ್ರೆ ತೆಗೆಯಲು ಜಾಗ ಸಿಗುತ್ತಿರಲಿಲ್ಲ.

“ನಿನ್ನ ಆಟಿಕೆ ಮೇಲೆ ಏಳೋದ್ರೊಳಗೆ ನಾನು ಹೊಳೆ ದಾಟಿರ್ತೀನಿ ನೋಡು,” ಎಂದರು ಮಾವ ಅಂದು ಊಟಕ್ಕೆ ಕೂತಾಗ.

“ಆಟಿಕೆ ಅಲ್ಲ ಮಾವ, ಅದು ಕಣ್ಣು.”

“ಕಣ್ಣು ಗೋಡೆ ಒಡೆಯುತ್ತಾ?”

“ಎಲ್ಲಿ ಒಡೀಬೇಕು ಅಂತ ತೋರಿಸುತ್ತೆ.”

ಮಗ ಹಲ್ಲಿನ ಡಾಕ್ಟರು. ಅಪ್ಪ ಹೆಂಡತಿ ಇಬ್ಬರೂ ತನ್ನ ಕಡೆ ತಿರುಗಿದ್ದು ಕಂಡು ಕೈ ಎತ್ತಿಬಿಟ್ಟ. “ನನ್ನನ್ನ ಎಳೀಬೇಡಿ. ಯಾರು ಯಾರ ಹಲ್ಲು ಮುರಿದ್ರೂ ನನಗೇ ಕೆಲಸ.”

ಸೊಸೆ ಮರುದಿನವೇ ಬಟ್ಟೆ ತುಂಬಿಕೊಂಡು ಹೊರಟಳು. “ಅಭ್ಯಾಸ ಮುಗಿಯೋತನಕ ಅಧಿಕಾರಿಗಳ ಮೆಸ್ಸಲ್ಲೇ ಇರ್ತೀನಿ ಅತ್ತೆ. ಒಂದೇ ಸೂರಿನಡಿ ಇದ್ರೆ ನೋಡಿದವರು ನಾಲ್ಕು ಮಾತಾಡ್ತಾರೆ.” ಮಾವ ಬಾಗಿಲಿನವರೆಗೂ ಬಂದು, “ಶತ್ರು ಅಂದ್ರೆ ಹೀಗಿರಬೇಕು,” ಎಂದು ಮೆಚ್ಚಿ ಕಳಿಸಿಕೊಟ್ಟರು.

ಅಭ್ಯಾಸದ ಮೈದಾನ ಒಣಭೂಮಿ. ಅಲ್ಲಲ್ಲಿ ಕುರುಚಲು ಗುಡ್ಡ, ನಡುವೆ ಒಂದು ಹೊಳೆ. ಅದನ್ನು ದಾಟಿ ಆಚೆಯ ದಿಬ್ಬ ಹಿಡಿದರೆ ನೀಲಿ ಪಡೆ ಗೆದ್ದಂತೆ. ಬ್ರಿಗೇಡಿಯರ್ ಸಾಹೇಬರು ನೆರಳು ನೀರು ಎರಡೂ ಇದ್ದ ಒಂದು ತೋಪಿನಲ್ಲಿ ಬಿಡಾರ ಹೂಡಿದರು. ನಕ್ಷೆಯ ದೊಡ್ಡ ಡೇರೆ, ಅದರ ಹಿಂದೆ ಜನರೇಟರುಗಳು, ಎತ್ತರದ ಆಂಟೆನಾಗಳು, ಸಾಲಾಗಿ ನಿಂತ ವಾಹನಗಳು, ಅಡುಗೆಯ ಡೇರೆ. ಎಲ್ಲವೂ ದಾರ ಹಿಡಿದು ಎಳೆದಷ್ಟು ನೇರ.

ಟ್ಯಾಂಕುಗಳು ಹೊಳೆಯತ್ತ ಹೊರಡುವ ಹೊತ್ತಿಗೆ ಮರಗಳ ಮೇಲೆ ಜೇನಿನ ಗುಂಯ್ ಶಬ್ದ ಕೇಳಿಸಿತು. ಯಾರೂ ತಲೆ ಕೆಡಿಸಿಕೊಳ್ಳಲಿಲ್ಲ. ಸ್ವಲ್ಪ ಹೊತ್ತಿಗೆ ತೋಳಿಗೆ ಬಿಳಿ ಪಟ್ಟಿ ಕಟ್ಟಿದ ತೀರ್ಪುಗಾರ ಕರ್ನಲ್ ಡೇರೆಯೊಳಗೆ ಬಂದು ಸೆಲ್ಯೂಟ್ ಹೊಡೆದು ನಿಂತರು.

“ಸರ್, ತಾವು ಇಲ್ಲ.”

“ಇಲ್ಲ ಅಂದ್ರೆ?”

“ಅಂದ್ರೆ... ಹೋಗ್ಬಿಟ್ಟಿದ್ದೀರಿ. ಡೇರೆಯಲ್ಲಿರೋ ಎಲ್ಲರೂ. ಕೆಂಪು ಪಡೆಯವರು ಈ ತೋಪನ್ನ ಗುರುತು ಹಿಡಿದು ರಾಕೆಟ್ ಹಾರಿಸಿದ್ದಾರೆ, ಲೆಕ್ಕಕ್ಕೆ.”

ಅಭ್ಯಾಸದ ನಿಯಮದಂತೆ ಸತ್ತವರು ಬೇರೆ ಚಪ್ಪರದಡಿ ಬಾಯಿ ಮುಚ್ಚಿಕೊಂಡು ಕೂರಬೇಕು. ಬಂಡೆ ಸಾಹೇಬರು ಮಡಿಸುವ ಕುರ್ಚಿಯೊಂದರಲ್ಲಿ ಕೂತರು. ಅವರ ಪಕ್ಕ ಅಡುಗೆಯವನೂ ಸೌಟು ಹಿಡಿದುಕೊಂಡೇ ಬಂದು ಕೂತ. ಅಲ್ಲಿಂದ ಹೊಳೆಯ ದಂಡೆ ಚೆನ್ನಾಗಿ ಕಾಣುತ್ತಿತ್ತು. ಆಜ್ಞೆ ಕೊಡುವವರಿಲ್ಲದೆ ಟ್ಯಾಂಕುಗಳು ಒಂದರ ಹಿಂದೊಂದು ಸಾಲುಗಟ್ಟಿ ನಿಂತವು. ಮುಂದಿನವನು ಹಿಂದಿನವನನ್ನು ಕೇಳುತ್ತಿದ್ದ, ಹಿಂದಿನವನು ಆಕಾಶ ನೋಡುತ್ತಿದ್ದ. ಬಿಳಿ ಪಟ್ಟಿಯವರು ಒಂದೊಂದೇ ಟ್ಯಾಂಕಿನ ಬಳಿ ಹೋಗಿ “ನೀವೂ ಇಲ್ಲ” ಎನ್ನುತ್ತ ಸಾಗಿದರು. ಬ್ರಿಗೇಡಿಯರ್ ಸಾಹೇಬರು ಕಣ್ಣು ಕೀಳದೆ ನೋಡಿದರು. ಅಂಥ ಹುಡುಗರು, ಅಂಥ ಯಂತ್ರ, ಸುಮ್ಮನೆ ನಿಂತಲ್ಲೇ ಮುಗಿದುಹೋಗುತ್ತಿದ್ದರಲ್ಲ ಎಂದುಕೊಂಡರು.

ಅವರ ಸಿಬ್ಬಂದಿಯ ಅಧಿಕಾರಿ ಕಿವಿಯ ಹತ್ತಿರ ಬಾಗಿ ಪಿಸುಗುಟ್ಟಿದ. “ಇದು ನ್ಯಾಯದ ಗೆಲುವಲ್ಲ ಸರ್. ತಾವು ಯಾವಾಗಲೂ ನೆರಳು ನೀರು ಇರೋ ತೋಪನ್ನೇ ಹಿಡೀತೀರಿ ಅಂತ ಮನೆಯವರಿಗಲ್ಲದೆ ಇನ್ಯಾರಿಗೆ ಗೊತ್ತಿರುತ್ತೆ?”

ಆ ಮಾತು ಸಾಹೇಬರ ಒಳಗೆ ಹೋಗಿ ಕೂತಿತು. ಮಧ್ಯಾಹ್ನ ವಿಮರ್ಶೆಯ ಸಭೆಯಲ್ಲಿ, ಅಭ್ಯಾಸ ಏರ್ಪಡಿಸಿದ್ದ ಜನರಲ್ ಸಾಹೇಬರು “ಏನಾಯ್ತು?” ಎಂದಾಗ ಅದೇ ಹೊರಗೆ ಬಂತು.

“ನನ್ನ ರೂಢಿಗಳು ಕೆಲವರಿಗೆ ಮೊದಲೇ ಗೊತ್ತಿದ್ದವು.”

ಹಿಂದಿನ ಸಾಲಿನಲ್ಲಿ ಸೊಸೆ ಎದ್ದು ನಿಂತಳು. ಕಿವಿಗಳು ಕೆಂಪಾಗಿದ್ದವು, ದನಿ ಮಾತ್ರ ಅಲುಗಲಿಲ್ಲ.

“ಸರ್, ಅಪ್ಪಣೆಯಾದ್ರೆ ಚಿತ್ರ ತೋರಿಸ್ತೀನಿ.”

ಪರದೆಯ ಮೇಲೆ ಮೇಲಿನಿಂದ ತೆಗೆದ ಚಿತ್ರ ಬಂತು. ಬಯಲಿನ ತುಂಬ ಚಕ್ರದ ಗುರುತುಗಳು. ಎಲ್ಲವೂ ಮರದ ಬೇರುಗಳು ಬುಡಕ್ಕೆ ಬಂದು ಸೇರುವಂತೆ ಒಂದೇ ತೋಪಿಗೆ ಬಂದು ಸೇರಿದ್ದವು. ಮುಂದಿನ ಚಿತ್ರ ಬೆಳಗಿನ ಚಳಿಯಲ್ಲಿ ಶಾಖ ಹಿಡಿದದ್ದು: ಎಲೆಗಳ ಅಡಿ ಜನರೇಟರುಗಳು ಕೆಂಡದ ತುಂಡುಗಳಂತೆ ಹೊಳೆಯುತ್ತಿದ್ದವು.

“ಇಲ್ಲಿ ಯಾರಿದ್ದಾರೆ ಅಂತ ನನಗೆ ಗೊತ್ತಿರಲಿಲ್ಲ ಸರ್,” ಎಂದಳು ಅವಳು, ಮಾವನ ಕಡೆ ತಿರುಗದೆ. “ಯಾರೋ ದೊಡ್ಡವರಿದ್ದಾರೆ ಅಂತ ಮಾತ್ರ ಗೊತ್ತಿತ್ತು. ಇಷ್ಟು ದೊಡ್ಡದಾಗಿ ಕೂತರೆ ಯಾವ ಶತ್ರುವಿಗೂ ಕಾಣುತ್ತೆ.”

ಬ್ರಿಗೇಡಿಯರ್ ಸಾಹೇಬರು ಪರದೆಯ ಹತ್ತಿರ ನಡೆದು ಹೋದರು. ನೆಲ ಓದುವುದರಲ್ಲಿ ಅವರದು ಎತ್ತಿದ ಕೈ. ಚಿತ್ರ ಏನು ಹೇಳುತ್ತಿದೆ ಎಂದು ತಿಳಿಯಲು ಒಂದು ನೋಟ ಸಾಕಾಯಿತು. ನಾಳೆ ನಿಜವಾದ ಯುದ್ಧವಾದರೆ ನಿಜವಾದ ಶತ್ರುವೂ ಇದನ್ನೇ ನೋಡುತ್ತಾನೆ. ಅವನಿಗೆ ಇವರ ಮನೆಯ ರೂಢಿ ಗೊತ್ತಿರಬೇಕಾಗಿಲ್ಲ.

ಅವರು ಸಭೆಯ ಕಡೆ ತಿರುಗಿದರು. “ನಾನು ಆಗಲೇ ಆಡಿದ ಮಾತು ತಪ್ಪು. ಎಲ್ಲರೆದುರು ಆಡಿದ್ದು, ಎಲ್ಲರೆದುರೇ ವಾಪಸ್ ತಗೋತೀನಿ. ಇದು ಕೆಲಸ ಬಲ್ಲ ಅಧಿಕಾರಿ ಮಾಡಿರೋ ಕೆಲಸ.” ಆಮೇಲೆ ಜನರಲ್ ಕಡೆ ನೋಡಿ, “ಈ ವಾರದಲ್ಲೇ ಇನ್ನೊಂದು ಅವಕಾಶ ಕೊಡಿ ಸರ್. ಬ್ರಿಗೇಡ್ ಒಡೆದು ಬರ್ತೀನಿ,” ಎಂದರು.

“ಒಡೆದು?” ಜನರಲ್ ಕನ್ನಡಕ ತೆಗೆದರು. “ನೀವು?”

“ನಾನೇ ಸರ್.”

ಸಂಜೆ ಮನೆಗೆ ಬಂದಾಗ ಹೆಂಡತಿ ಬಾಗಿಲಲ್ಲೇ ನಿಂತಿದ್ದರು. “ಹೋದವರು ಊಟಕ್ಕೆ ಬಂದ್ರಾ?” ಎಂದು ನಕ್ಕು, ಒಳಗೆ ಬಂದ ಮೇಲೆ ನಗು ನಿಲ್ಲಿಸಿದರು. “ಅವಳ ಮೇಲೆ ಅನುಮಾನ ಪಟ್ರಂತೆ.”

“ಪಟ್ಟೆ. ವಾಪಸ್ಸೂ ತಗೊಂಡೆ.”

“ಅಲ್ಲಿ ವಾಪಸ್ ತಗೊಂಡಿದ್ದು ಬ್ರಿಗೇಡಿಯರ್. ಮಾವ ಇನ್ನೂ ತಗೊಂಡಿಲ್ಲ.”

ಸಾಹೇಬರು ಬೂಟು ಬಿಚ್ಚದೆಯೇ ಮೆಸ್ಸಿಗೆ ಫೋನ್ ಮಾಡಿದರು.

“ಮಾವ, ಅಭ್ಯಾಸದ ಮಾತು ಆಡೋ ಹಾಗಿಲ್ಲ,” ಎಂದಳು ಸೊಸೆ ಮೊದಲೇ.

“ಅದಲ್ಲ ಮಗೂ. ನೋವಾಯ್ತಾ?”

“ಆಯ್ತು ಮಾವ.”

“ಹಾಗೆ ಅನ್ನಬಾರದಿತ್ತು. ಸೋತ ಉರಿಯಲ್ಲಿ ಬಾಯಿ ಜಾರ್ತು.”

“ಬಿಡಿ. ನೀವು ಎದ್ದು ನಿಂತು ಹೇಳಿದಾಗಲೇ ನಾನು ಮರೆತೆ.”

“ಊಟ ಆಯ್ತಾ?”

“ಆಯ್ತು.”

“ಸರಿ ಹಾಗಾದ್ರೆ. ಈ ಸಲ ಸುಲಭಕ್ಕೆ ಸಿಗಲ್ಲ.”

“ಹುಡುಕ್ತೀನಿ,” ಎಂದಳು. ಅವಳು ನಗುತ್ತಿರುವುದು ಅವರಿಗೆ ಕೇಳಿಸಿತು.

ಮರುದಿನ ಅವರು ಟ್ಯಾಂಕುಗಳ ಶೆಡ್ಡಿಗೆ ಹೋಗಿ ತಮ್ಮವರನ್ನು ಸುತ್ತ ಕೂರಿಸಿಕೊಂಡರು. ಬ್ರಿಗೇಡನ್ನು ನಾಲ್ಕು ಗುಂಪು ಮಾಡುವುದಾಗಿ, ಪ್ರತಿ ಗುಂಪಿಗೂ ಗುರಿಯನ್ನು ಮೊದಲೇ ತಿಳಿಸುವುದಾಗಿ, ಆಮೇಲೆ ತಾವು ಇರಲಿ ಬಿಡಲಿ ಯಾರೂ ನಿಲ್ಲಬಾರದೆಂದು ಹೇಳಿದರು. ಹೊಸ ಕಾಲದ ಯಂತ್ರವೆಂದು ಕೊಟ್ಟಿದ್ದರೂ ತಾವೇ ಪೆಟ್ಟಿಗೆಯಿಂದ ತೆಗೆಸದೆ ಇಟ್ಟಿದ್ದ ಡ್ರೋನುಗಳನ್ನು ಗುಂಪುಗಳಿಗೆ ಹಂಚಿದರು.

ಅವರ ಜೊತೆಗೇ ಸೇನೆ ಸೇರಿದ್ದ ಹಿರಿಯ ಟ್ಯಾಂಕ್ ಚಾಲಕ ಎದ್ದು ನಿಂತ. “ಹಾಗಾದ್ರೆ ನಮ್ಮ ಕಾಲ ಮುಗೀತಾ ಸರ್?”

“ಮುಗಿದ್ರೆ ನಿನ್ನ ಯಾಕೆ ಕರೀತಿದ್ದೆ? ನಿನ್ನ ಟ್ಯಾಂಕ್ ಬೇಕು, ನೀನೂ ಬೇಕು. ದಿಬ್ಬಣದ ಹಾಗೆ ಮೆರೀತಾ ಹೋಗೋದು ಬೇಡ, ಅಷ್ಟೆ. ಸದ್ದಿಲ್ಲದೆ ಹೋಗಿ ಸದ್ದು ಮಾಡಬೇಕು.”

ಚಾಲಕ ಮೀಸೆಯಡಿ ನಕ್ಕ. ಆ ನಗು ಸಾಲಿನಿಂದ ಸಾಲಿಗೆ ಹಬ್ಬಿತು.

ಎರಡನೆಯ ಸಲದ ಅಭ್ಯಾಸಕ್ಕೆ ಹಳೆಯ ತೋಪಿನಲ್ಲಿ ಡೇರೆಗಳನ್ನು ಹಾಗೇ ಬಿಟ್ಟು ಜನರೇಟರುಗಳನ್ನು ಓಡಲು ಬಿಟ್ಟರು. ಒಲೆ ಉರಿಯುತ್ತಿರಬೇಕೆಂದು ಅಡುಗೆಯವನನ್ನು ಅಲ್ಲೇ ನಿಲ್ಲಿಸಿದರು. “ಮತ್ತೆ ನಾನೇ ಸಾಯಬೇಕಾ ಸರ್?” ಎಂದು ಅವನು ಮುಖ ಸಣ್ಣದು ಮಾಡಿದ. ಸಾಹೇಬರ ಬಿಡಾರವೆಂದರೆ ಈಗ ದೂರ ದೂರ ನಿಂತ ಮೂರು ಧೂಳು ಹಿಡಿದ ಗಾಡಿಗಳು ಮಾತ್ರ. ಅವರು ಕೂತ ಗಾಡಿ ಮೈದಾನದ ಅಂಚಿನ ಇಟ್ಟಿಗೆ ಗೂಡಿನ ಪಕ್ಕದಲ್ಲಿತ್ತು. ಗೂಡಿನ ಶಾಖದಲ್ಲಿ ಗಾಡಿಯ ಶಾಖ, ಇಟ್ಟಿಗೆ ಲಾರಿಗಳ ಚಕ್ರದ ಗುರುತಿನಲ್ಲಿ ಅದರ ಗುರುತು ಕರಗಿಹೋಗಿದ್ದವು. ರೇಡಿಯೊ ಬದಲು ಮೋಟರ್ ಸೈಕಲ್ಲಿನಲ್ಲಿ ಸಂದೇಶ ಹೋಗುತ್ತಿತ್ತು, ಬರುತ್ತಿತ್ತು.

ಸೊಸೆ ಏಮಾರಲಿಲ್ಲ. ತೋಪನ್ನು ಒಂದು ಸುತ್ತು ನೋಡಿ ಬಿಟ್ಟುಬಿಟ್ಟಳು; ಅಷ್ಟು ಡೇರೆಗೆ ಒಬ್ಬನೇ ಮನುಷ್ಯ ಓಡಾಡುತ್ತಿದ್ದ. ಹೊತ್ತೇರುವಷ್ಟರಲ್ಲಿ ಆ ಮೂರರಲ್ಲಿ ಒಂದಾದ ಉಪದಳಪತಿಯ ಗಾಡಿಯನ್ನು ಪತ್ತೆ ಹಚ್ಚಿ ಹೊಡೆದಳು. ಕಣಿವೆಯಲ್ಲಿ ಸರಿಯುತ್ತಿದ್ದ ಒಂದು ಗುಂಪನ್ನೂ ಮುಗಿಸಿದಳು. ಸುದ್ದಿ ಬಂದಾಗ ಬ್ರಿಗೇಡಿಯರ್ ಸಾಹೇಬರು ತೊಡೆ ತಟ್ಟಿ “ಶಹಬ್ಬಾಸ್!” ಎಂದುಬಿಟ್ಟರು. ಪಕ್ಕದಲ್ಲಿದ್ದ ಸಿಬ್ಬಂದಿ ಅಧಿಕಾರಿ, ಸಾಹೇಬರು ಯಾವ ಕಡೆಯವರೆಂದು ತಿಳಿಯದೆ ಕಣ್ಣು ಕಣ್ಣು ಬಿಟ್ಟ.

ಆದರೆ ಉಳಿದ ಗುಂಪುಗಳು ನಿಲ್ಲಲಿಲ್ಲ. ಯಾರ ಅಪ್ಪಣೆಗೂ ಕಾಯಲಿಲ್ಲ. ಅವುಗಳ ಡ್ರೋನುಗಳು ಮುಂದೆ ಹಾರಿ ದಾರಿ ತೋರಿಸಿದವು. ಹಿರಿಯ ಚಾಲಕನ ಟ್ಯಾಂಕು ಎಲ್ಲರಿಗಿಂತ ಮೊದಲು ಹೊಳೆಯ ನೀರು ಸೀಳಿಕೊಂಡು ಹೋಯಿತು. ಸೊಸೆಯ ಕಣ್ಣು ಆ ಕಡೆ ತಿರುಗುವಷ್ಟರಲ್ಲಿ ಎರಡು ಗುಂಪು ದಿಬ್ಬ ಹತ್ತಿ ನೀಲಿ ಬಾವುಟ ನೆಟ್ಟಿದ್ದವು. ಇಟ್ಟಿಗೆ ಗೂಡಿನ ಗಾಡಿ ಕೊನೆಯವರೆಗೂ ಅವಳಿಗೆ ಸಿಗಲಿಲ್ಲ.

ಸಭೆಯಲ್ಲಿ ಜನರಲ್, “ಈಗ ನಿಮ್ಮ ಅಭಿಪ್ರಾಯ?” ಎಂದು ಕೇಳಿದರು. ಇಡೀ ಸಭಾಂಗಣ ಬಂಡೆ ಸಾಹೇಬರ ಬಾಯಿಯನ್ನೇ ನೋಡುತ್ತಿತ್ತು.

“ನನ್ನ ಹಳೇ ವಿರೋಧ ಹಿಂದಕ್ಕೆ ತಗೊಂಡಿದ್ದೀನಿ ಸರ್. ಯಾವುದಾದ್ರೂ ಬ್ರಿಗೇಡನ್ನ ಮೊದಲು ಒಡೆಯೋದಾದ್ರೆ ನನ್ನದನ್ನೇ ಒಡೀರಿ. ನಮ್ಮ ಹುಡುಗರು ಆಗಲೇ ಕಲಿತುಬಿಟ್ಟಿದ್ದಾರೆ, ಬೇರೆಯವರಿಗೂ ಕಲಿಸ್ತಾರೆ.”

“ಡ್ರೋನ್ ತರಬೇತಿಗೆ ಯಾರು?”

ಸಾಹೇಬರು ಮುಂದಿದ್ದ ಕಾಗದಗಳನ್ನು ಜೋಡಿಸತೊಡಗಿದರು. ಜನರಲ್ ನಕ್ಕರು. “ನೀವು ಹೇಳೋ ಹಾಗಿಲ್ಲ, ಗೊತ್ತು. ಅದಕ್ಕೇ ನಾನೇ ಹೇಳ್ತೀನಿ.” ಎಲ್ಲ ಗುಂಪುಗಳ ಡ್ರೋನ್ ತರಬೇತಿಯೂ ಮೇಜರ್‌ಗೆ ಹೋಯಿತು. ಚಪ್ಪಾಳೆ ಶುರುವಾದದ್ದು ಮಾವನಿಂದಲ್ಲ, ಹಿಂದೆ ನಿಂತಿದ್ದ ಟ್ಯಾಂಕಿನವರಿಂದ. ಮಾವ ಕೊನೆಗೆ ಸೇರಿಕೊಂಡು ಎಲ್ಲರಿಗಿಂತ ಜೋರಾಗಿ ತಟ್ಟಿದರು.

ಮಳೆಗಾಲ ಕಳೆಯುವಷ್ಟರಲ್ಲಿ ಬ್ರಿಗೇಡ್ ಒಡೆದು ಗುಂಪುಗಳಾಯಿತು. ಒಂದು ಬೆಳಿಗ್ಗೆ ಯಾವ ಮುನ್ಸೂಚನೆಯೂ ಇಲ್ಲದೆ ಮೊದಲ ಗುಂಪಿಗೆ ಗಡಿಯತ್ತ ಹೊರಡಲು ಆಜ್ಞೆ ಬಂತು. ಸೊಸೆಯೂ ಅವರ ಜೊತೆಗಿದ್ದಳು. ಬ್ರಿಗೇಡಿಯರ್ ಸಾಹೇಬರು ಬೀಳ್ಕೊಡಲೆಂದು ಸಮವಸ್ತ್ರ ಹಾಕಿಕೊಂಡು ಗೇಟಿನ ಬಳಿ ಹೋಗುವಷ್ಟರಲ್ಲಿ ಕೊನೆಯ ಗಾಡಿ ತಿರುವಿನಲ್ಲಿತ್ತು. ಹಿಂದೆಲ್ಲ ಈ ಬ್ರಿಗೇಡ್ ಕದಲಬೇಕೆಂದರೆ ವಾರಗಟ್ಟಲೆ ಗದ್ದಲವಿರುತ್ತಿತ್ತು.

ಮನೆಗೆ ಬಂದು ಟೋಪಿ ಮೇಜಿನ ಮೇಲಿಟ್ಟರು. “ಹೊರಟೇಬಿಟ್ರು ಕಣೇ! ನಾನು ಬೂಟಿನ ದಾರ ಕಟ್ಟೋದ್ರೊಳಗೆ!”

ಹೆಂಡತಿ ಅವರ ಮುಖ ನೋಡಿದರು. “ಬೇಜಾರಾಯ್ತಾ?”

“ಬೇಜಾರಾ?” ಎಂದು ಸಾಹೇಬರು ಕುರ್ಚಿ ಎಳೆದುಕೊಂಡು, ಮೇಜಿನ ಮೇಲಿದ್ದ ಲೋಟಗಳನ್ನು ಅತ್ತಿತ್ತ ಸರಿಸತೊಡಗಿದರು. “ಇಲ್ಲಿ ಕೂತ್ಕೋ. ನಮ್ಮ ಹುಡುಗಿ ಇವತ್ತು ಯಾವ ದಾರೀಲಿ ಹೋಗ್ತಾಳೆ ಅಂತ ತೋರಿಸ್ತೀನಿ.”