ಕಸದ ಮನೆಯ ಗೃಹಪ್ರವೇಶ

ಗಬ್ಬೂರಿನಲ್ಲಿ ಬಸ್ಸಿಳಿದು ಒಳದಾರಿ ಹಿಡಿದರೆ ಸಿಗುವ ಊರು ಅದು. ಹೆಸರು ಹೇಳುವುದು ಬೇಡ. ಹೇಳಿದರೆ ಹೆಸರಿಗೂ ಹಾರ ಹಾಕಿ ಕೈಮುಗಿದಾರು, ಅಂಥ ಜನ. ಆ ಊರಿನ ಕಸದ ಗಾಡಿ ಓಡಿಸುವವಳು ಅನ್ನಪೂರ್ಣ. ರಾಯಚೂರಿಗೆ ಹೋಗಿ ಡ್ರೈವಿಂಗ್ ಕಲಿತು ಬಂದವಳು. ಅದೇನೋ ಸುಲಭವಾಗಿತ್ತು. ಊರಿಗೆ ಕಸ ಕೊಡುವುದನ್ನು ಕಲಿಸುವುದರಲ್ಲಿ ಅವಳ ಹೆಣ ಬಿದ್ದುಹೋಯಿತು.

ಪಂಚಾಯ್ತಿ ಮನೆಗೆರಡು ಬಕೆಟ್ ಕೊಟ್ಟಿತ್ತು, ಹಸಿಕಸಕ್ಕೊಂದು, ಒಣಕಸಕ್ಕೊಂದು. ಬಕೆಟ್ ಗಟ್ಟಿಯಾಗಿವೆ ಎಂದು ಒಂದರಲ್ಲಿ ಜೋಳದ ಹಿಟ್ಟು ತುಂಬಿದರು, ಇನ್ನೊಂದನ್ನು ಮಗಳ ಮನೆಗೆ ಕಳಿಸಿದರು. ಕಸ ಮೊದಲಿನಂತೆ ಗೋಡೆಯಾಚೆ ಹಾರುತ್ತಿತ್ತು. ಅನ್ನಪೂರ್ಣ ಮನೆಮನೆಯ ಮುಂದೆ ನಿಂತು ಬೈದು, ಪುಸಲಾಯಿಸಿ, ಮತ್ತೆ ಬೈದು, ಅಂತೂ ಬೇರೆ ಮಾಡಿ ಕೊಡುವ ಹಾಗೆ ಮಾಡಿದಳು. ಆಗಲೂ ಅವಳ ಕೈ ತಾಗೀತೆಂದು ದೂರದಿಂದಲೇ ಸುರಿಯುವರು. ತಾವೇ ತಿಂದು ಬಿಟ್ಟ ಎಂಜಲು, ಹೊಸ್ತಿಲು ದಾಟಿದ ಕೂಡಲೇ ಅನ್ನಪೂರ್ಣಳದಾಗಿಬಿಡುತ್ತಿತ್ತು.

ಇಷ್ಟಾದರೂ ಅದನ್ನು ಒಯ್ದು ಹಾಕಲು ಜಾಗವಿರಲಿಲ್ಲ. ಕಸ ವಿಂಗಡಿಸಲೆಂದು ಊರ ಹೊರಗೆ ಶೆಡ್ ಕಟ್ಟಿ ಬೀಗ ಹಾಕಿಟ್ಟಿದ್ದರು. ಹಾಗಾಗಿ ಹಸಿ, ಒಣ ಎಲ್ಲವನ್ನೂ ಒಟ್ಟಿಗೆ ಅವಳ ಓಣಿಯ ಹಿಂದಿನ ಹಳ್ಳಕ್ಕೇ ಸುರಿಯಬೇಕು. ಪಂಚಾಯ್ತಿಯ ಆಳು ಬಂದು ಬೆಂಕಿ ಹಚ್ಚುವನು. ಪ್ಲಾಸ್ಟಿಕ್ಕಿನ ಹೊಗೆ ನೇರವಾಗಿ ಅವಳ ಮನೆಯೊಳಕ್ಕೆ. ಅತ್ತೆ ಬೂದೆಮ್ಮನಿಗೆ ಮೊದಲೇ ದಮ್ಮು. ಹೊಗೆಯಿಂದ ದೂರ ಇಡದಿದ್ದರೆ ಮುದುಕಿ ಉಳಿಯುವುದಿಲ್ಲವೆಂದು ದೇವದುರ್ಗದ ಡಾಕ್ಟರು ಹೇಳಿಬಿಟ್ಟಿದ್ದರು. ಅನ್ನಪೂರ್ಣ ತಾನೇ ಸುರಿದ ಕಸ ಅತ್ತೆಯ ಉಸಿರು ಕಟ್ಟಿಸುತ್ತಿತ್ತು.

ಅವಳು ರಾಮಣ್ಣನ ಬಳಿ ಹೋದಳು. ಪಂಚಾಯ್ತಿ ಅಧ್ಯಕ್ಷೆ ಅವನ ಹೆಂಡತಿ, ಅಧಿಕಾರ ಅವನದು. ಆಕೆ ಸಹಿ ಹಾಕಲು ಮಾತ್ರ ಹೊರಗೆ ಬರುವಳು.

"ಅಣ್ಣಾರ, ಶೆಡ್ಡಿನ ಬೀಗ ತೆಗಸ್ರಿ."

"ಪೂಜಿ ಆಗಿಲ್ಲವ್ವಾ. ಆಷಾಢದಾಗ ಹೊಸಾ ಕಟ್ಟಡ ತೆಗೀತಾರೇನು?"

"ಕಸ ಹಾಕಾಕ ಆಷಾಢ ಏನ್ರೀ?"

"ಕಟ್ಟಡ ಅಂದ್ರ ಕಟ್ಟಡನ. ಶ್ರಾವಣ ಬರ್ಲಿ, ತಡಿ."

ಶ್ರಾವಣ ಬಂತು. ಮಾವಿನ ತೋರಣ, ಬಾಳೆಕಂಬ, ಮಾನ್ವಿಯಿಂದ ತರಿಸಿದ ಶಾಮಿಯಾನ, ಮೈಕು. ಒಳಗೆ ಒಲೆ ಹೂಡಿ ಹಾಲು ಉಕ್ಕಿಸಿದರು. ಕಸದ ಮನೆಯಲ್ಲಿ ಹಾಲು ಉಕ್ಕಿಸಿದ ಊರು ಇನ್ನೊಂದಿದ್ದರೆ ತೋರಿಸಿ. ಸ್ವಚ್ಛತೆಯ ಭಾಷಣ ಕೇಳುತ್ತ ಉಂಡವರು ಪ್ಲಾಸ್ಟಿಕ್ ತಟ್ಟೆಗಳನ್ನು ಶೆಡ್ಡಿನ ಹಿಂದಕ್ಕೇ ಎಸೆದು ಕೈ ತೊಳೆದರು. ರಾಮಣ್ಣ ಒಳಗೋಡೆಗೆ ದೊಡ್ಡದೊಂದು ಲಕ್ಷ್ಮಿಯ ಫೋಟೋ ತೂಗುಹಾಕಿಸಿದ.

ಮರುದಿನ ಅನ್ನಪೂರ್ಣ ಗಾಡಿ ತುಂಬಿಕೊಂಡು ಬಂದರೆ ಬಾಗಿಲಲ್ಲಿ ರಂಗೋಲಿ. ರಾಮಣ್ಣ ಮತ್ತು ಅವನ ನಾಲ್ವರು ಜೊತೆಗಾರರು ಚಪ್ಪಲಿ ಹೊರಗೆ ಬಿಟ್ಟು, ಒಳಗೆ ಜಮಖಾನದ ಮೇಲೆ ಚಹಾ ಕುಡಿಯುತ್ತಿದ್ದರು.

"ಗಾಡಿ ಆ ಕಡಿ ನಿಲ್ಸವ್ವಾ," ಎಂದ ರಾಮಣ್ಣ. "ದೇವ್ರ ಮುಂದ ಎಂಜಲ ತಂದು ಹಾಕ್ತಾರೇನು?"

"ಮತ್ತ ಇದನ್ನ ಕಟ್ಟಿದ್ದು ಎದಕ್ರೀ?"

"ಕಸಕ್ಕ ಕಟ್ಟಿದ್ದು ಖರೆ. ಈಗ ಪೂಜಿ ಆಗೇದ. ಮೀಟಿಂಗಿಗೆ ಬರ್ತದ. ನೀ ಹಳ್ಳಕ್ಕ ಹಾಕು, ನಿಮ್ಮ ಓಣಿ ಹಿಂದ ಜಾಗ ಅದಲ್ಲ."

ಉಳಿದವರು ಕೋಲೆಬಸವನ ಹಾಗೆ ತಲೆಯಾಡಿಸಿದರು.

ಆ ಮುಂಜಾನೆ ಬೂದೆಮ್ಮ ಕೆಮ್ಮಿ ಕೆಮ್ಮಿ ಗೋಡೆ ಹಿಡಿದು ಕುಸಿದದ್ದನ್ನು ನೋಡಿ ಬಂದಿದ್ದಳು ಅನ್ನಪೂರ್ಣ. ಮಾತು ಬೆಳೆಸಲಿಲ್ಲ. ಚಪ್ಪಲಿ ಬಿಟ್ಟು ಒಳಗೆ ಹೋಗಿ ಫೋಟೋ ಇಳಿಸಿದಳು, ಸೆರಗಿನಿಂದ ಒರೆಸಿ ಕಣ್ಣಿಗೊತ್ತಿಕೊಂಡು ರಾಮಣ್ಣನ ಎರಡೂ ಕೈಗಿತ್ತಳು.

"ತಾಯೀನ ಮನಿಗೆ ಕರ್ಕೊಂಡು ಹೋಗ್ರಿ."

ದೇವರನ್ನು ಬೇಡವೆನ್ನುವುದು ಹೇಗೆ? ಹಿಡಿದುಕೊಂಡ. ಅವನು ಬಾಯಿ ತೆರೆಯುವಷ್ಟರಲ್ಲಿ ಅವಳು ಗಾಡಿ ಹತ್ತಿ, ಬಾಗಿಲಿನತ್ತ ಅದನ್ನು ಹಿಂದಕ್ಕೆ ಬಿಡತೊಡಗಿದಳು. ಒಳಗಿದ್ದವರು ಚಹಾ ಚೆಲ್ಲಿಕೊಂಡು ಹೊರಗೆ ಓಡಿದರು. ಗಾಡಿಯ ಡಬ್ಬಿ ಮೇಲೆದ್ದು ಊರಿನ ಕಸವೆಲ್ಲ ಹೊಸ್ತಿಲಿನಿಂದ ಜಮಖಾನದವರೆಗೆ ಬಿತ್ತು.

"ತೆಗಿ ಅದನ್ನ. ಈಗಿಂದೀಗ ತೆಗಿ," ಎಂದ ರಾಮಣ್ಣ.

"ಕಸ ತಂದು ಇಲ್ಲಿ ಹಾಕೋದು ನನ್ನ ಕೆಲಸ, ಹಾಕೀನಿ. ಬ್ಯಾಡಾದ್ರ ನೀವು ತೆಗೀರಿ."

ರಾಮಣ್ಣ ನಾಲ್ವರ ಮುಖ ನೋಡಿದ. ನಾಲ್ವರೂ ಚಪ್ಪಲಿ ಹುಡುಕತೊಡಗಿದರು. ಒಬ್ಬನಿಗೆ ಹೊಲದ ಕೆಲಸ ನೆನಪಾಯಿತು, ಒಬ್ಬನಿಗೆ ಸೊಂಟ ನೋಯತೊಡಗಿತು. ರಾಶಿಯಲ್ಲಿದ್ದದ್ದು ಅವರವರ ಮನೆಯ ಹಳಸಿದ ಅನ್ನವೇ, ಅವರವರ ಮಕ್ಕಳು ತಿಂದೆಸೆದ ಚಿಪ್ಸಿನ ಪಾಕೀಟುಗಳೇ. ಮುಟ್ಟಲು ಒಬ್ಬನಿಗೂ ಕೈ ಬರಲಿಲ್ಲ. ರಾಮಣ್ಣನ ಕೈಯಲ್ಲಂತೂ ಲಕ್ಷ್ಮಿಯಿದ್ದಳು. ಕೆಳಗಿಡೋಣವೆಂದರೆ ಶುದ್ಧವಾದ ಜಾಗ ಸುತ್ತಮುತ್ತ ಎಲ್ಲೂ ಇರಲಿಲ್ಲ.

ಬಾಗಿಲು ಮುಚ್ಚಬೇಕಾದರೂ ಹೊಸ್ತಿಲ ಮೇಲಿನ ಕಸ ಸರಿಸಬೇಕು. ಯಾರೂ ಸರಿಸಲಿಲ್ಲ. ಮರುದಿನ ಅನ್ನಪೂರ್ಣ ಅಲ್ಲಿ ಹಸಿ ಒಂದು ಕಡೆ, ಒಣ ಒಂದು ಕಡೆ ಮಾಡಿ, ಹೊಸ ಕಸವನ್ನೂ ತಂದು ಸೇರಿಸಿದಳು. ಹಳ್ಳದಲ್ಲಿ ಸುಡಲು ಏನೂ ಉಳಿಯಲಿಲ್ಲ.

ಸಂಜೆ ಬೂದೆಮ್ಮ ಬಾಗಿಲಿಗೆ ಬಂದು ಹಳ್ಳದ ಕಡೆ ನೋಡಿದಳು.

"ಯಾಕವ್ವಾ, ಹೊಗಿ ಕಾಣವಲ್ದು? ಮತ್ತ ಆ ಕಸ ಇಲ್ಲಿಗೆ ತರಂಗಿಲ್ಲೇನು ಅವ್ರು?"

"ತರಬೇಕಂದ್ರ ಮುಟ್ಟಬೇಕಲ್ಲ ಅತ್ತಿ," ಎಂದಳು ಅನ್ನಪೂರ್ಣ.